ಕಾಕ್‌ಪಿಟ್ಟಿನಲ್ಲಿ ಕುಳಿತ ಕ್ಯಾಂಟನೀಸ್ ನಾಯಕಿಗೂ ಜಾಗ ಕೊಡಿ: ಚಿತ್ರ ಸಮಾಜಗಳಿಗೊಂದು ಬಹಿರಂಗ ಪತ್ರ

ಚಿತ್ರ ಸಮಾಜಗಳ ಸಂಚಾಲಕರಿಗೆ, ಚಿತ್ರೋತ್ಸವಗಳಿಗೆ ಸಿನಿಮಾ ಆರಿಸುವ ಸಮಿತಿಗಳ ಸದಸ್ಯರಿಗೆ ಮತ್ತು ಜಗತ್ತಿನ ಸಿನಿಮಾ ಇತಿಹಾಸವನ್ನು ಕನ್ನಡದಲ್ಲಿ ಬೋಧಿಸುವ, ಬರೆಯುವ ಎಲ್ಲರಿಗೆ,

ಮಾನ್ಯರೇ,

ಹಾಂಗ್‌ಕಾಂಗ್ ಸಿನಿಮಾ ಎಂದೊಡನೆ ನಮ್ಮಲ್ಲಿ ಮಾತು ನೇರವಾಗಿ ಬ್ರೂಸ್ ಲೀಯತ್ತ, ಅಲ್ಲಿಂದ ಜಾಕಿ ಚಾನ್‌ನತ್ತ, ಸ್ವಲ್ಪ ಗಂಭೀರ ಸಭೆಯಾದರೆ ವಾಂಗ್ ಕಾರ್-ವೈ ಅವರತ್ತ ಹೊರಳುತ್ತದೆ. ಅದಕ್ಕೂ ಹಿಂದಿನ 1930ರ ದಶಕದ ಬಗ್ಗೆ ಪರಿಚಯ ಟಿಪ್ಪಣಿಗಳಲ್ಲಿ ಸಿಗುವುದು ಹೆಚ್ಚೆಂದರೆ ಎರಡು ಮಾತು: ಜಪಾನ್ ವಿರುದ್ಧದ ಯುದ್ಧಕಾಲದಲ್ಲಿ ಅಲ್ಲಿ ದೇಶಭಕ್ತಿಯ ಪ್ರಚಾರ ಚಿತ್ರಗಳು ತಯಾರಾದವು, ಅವುಗಳಲ್ಲಿ ಬಹುಪಾಲು ಈಗ ಉಳಿದಿಲ್ಲ. ಎರಡೂ ನಿಜವೇ. ಆದರೆ 'ಪ್ರಚಾರ ಚಿತ್ರ' ಎಂದು ಹಣೆಪಟ್ಟಿ ಅಂಟಿಸಿ ಮುಂದೆ ಸಾಗುವಾಗ, ಆ ಚಿತ್ರಗಳ ನಾಯಕಿಯರು ಯಾರ ಪ್ರಚಾರ ಮಾಡುತ್ತಿದ್ದರು, ಯಾವ ಸರ್ಕಾರದ ಅಪ್ಪಣೆಯಿಂದ ಮಾಡುತ್ತಿದ್ದರು ಎಂದು ಕೇಳುವುದನ್ನು ನಾವು ಮರೆಯುತ್ತೇವೆ. ಕೇಳಿದರೆ ಸಿಗುವ ಉತ್ತರ ಸ್ವಾರಸ್ಯಕರವಾಗಿದೆ: ಆ ನಾಯಕಿ ಯಾವ ದೇಶಕ್ಕಾಗಿ ಹೋರಾಡುತ್ತಿದ್ದಳೋ ಆ ದೇಶದ ಸರ್ಕಾರ ಅವಳ ಭಾಷೆಯಾದ ಕ್ಯಾಂಟನೀಸ್‌ನಲ್ಲಿ ಸಿನಿಮಾ ಮಾಡುವುದನ್ನೇ ನಿಲ್ಲಿಸಲು ಹೊರಟಿತ್ತು, ಅವಳು ಪರದೆಯ ಮೇಲೆ ಮಾಡಿದ ವಿಮಾನ ಹಾರಿಸುವ ಕೆಲಸವನ್ನು ನಿಜಜೀವನದಲ್ಲಿ ಮಾಡಲು ಬಂದ ಹೆಂಗಸರಿಗೆ ಅದೇ ದೇಶದ ವಾಯುಪಡೆ ಬಾಗಿಲು ಮುಚ್ಚಿತ್ತು. ಈ ಪತ್ರ ಬರೆಯಲು ಇದೇ ಕಾರಣ.

ಮೊದಲು ಭಾಷೆಯ ವಿಚಾರ. ಕ್ಯಾಂಟನೀಸ್ ಎಂದರೆ ಹಾಂಗ್‌ಕಾಂಗ್‌ನ ಮತ್ತು ದಕ್ಷಿಣ ಚೀನಾದ ಗ್ವಾಂಗ್‌ಡಾಂಗ್ ಪ್ರಾಂತ್ಯದ ಮಾತು; ಅದರ ಟಾಕಿ ಶುರುವಾದದ್ದು 1933ರಲ್ಲಿ, ಅದೂ ಹಾಂಗ್‌ಕಾಂಗ್‌ನಲ್ಲಲ್ಲ. ಶಾಂಘೈನ ತಿಯೆನ್‌ಯಿ ಕಂಪನಿ ರಂಗನಟ ಸಿಟ್ ಕೋಕ್-ಸಿನ್ ಅವರನ್ನು ನಾಯಕನನ್ನಾಗಿಸಿ 'ವೈಟ್ ಗೋಲ್ಡ್ ಡ್ರ್ಯಾಗನ್' ತೆಗೆಯಿತು; ಅದೇ ವರ್ಷ ಸ್ಯಾನ್ ಫ್ರಾನ್ಸಿಸ್ಕೋದಲ್ಲಿ ಜೋಸೆಫ್ ಸನ್ ಜ್ಯೂ ಎಂಬ ಯುವಕ ಗ್ರ್ಯಾಂಡ್‌ವ್ಯೂ ಎಂಬ ಕಂಪನಿ ಕಟ್ಟಿ ಅಮೆರಿಕದ ನೆಲದಲ್ಲೇ ಒಂದು ಕ್ಯಾಂಟನೀಸ್ ಟಾಕಿ ತಯಾರಿಸಿದರು. ಕೆಲವೇ ವರ್ಷಗಳಲ್ಲಿ ಈ ಎರಡೂ ಕಂಪನಿಗಳು ಹಾಂಗ್‌ಕಾಂಗ್‌ನಲ್ಲಿ ಸ್ಟುಡಿಯೋ ತೆರೆದವು, ಆ ಊರು ಕ್ಯಾಂಟನೀಸ್ ಚಿತ್ರಗಳ ತವರಾಯಿತು. ಪ್ರೇಕ್ಷಕರು ಕ್ಯಾಂಟನ್ ನಗರದಲ್ಲಿ, ಗ್ವಾಂಗ್‌ಡಾಂಗ್ ಪ್ರಾಂತ್ಯದ ಪಟ್ಟಣಗಳಲ್ಲಿ, ಸಿಂಗಪುರ ಮತ್ತು ಮಲಯಾದಲ್ಲಿ, ಅಮೆರಿಕದ ಚೈನಾಟೌನ್‌ಗಳಲ್ಲಿ ಹರಡಿದ್ದರು.

ಚೀನಾದ ಆಗಿನ ರಾಜಧಾನಿ ನಾನ್‌ಜಿಂಗ್‌ನಲ್ಲಿದ್ದ ರಾಷ್ಟ್ರೀಯ ಸರ್ಕಾರಕ್ಕೆ ಇದು ಹಿಡಿಸಲಿಲ್ಲ. ಒಂದು ದೇಶಕ್ಕೆ ಒಂದೇ ಭಾಷೆ, ಅಂದರೆ ಮ್ಯಾಂಡರಿನ್, ಇರಬೇಕು, ಸಿನಿಮಾ ಆ ಭಾಷೆಯನ್ನು ಕಲಿಸುವ ಶಾಲೆಯಾಗಬೇಕು ಎಂಬುದು ಅದರ ನಿಲುವಾಗಿತ್ತು. 1936ರಲ್ಲಿ ಪ್ರಾಂತ್ಯಭಾಷೆಯ ಚಿತ್ರಗಳನ್ನು ನಿಷೇಧಿಸುವ ಪ್ರಯತ್ನ ಬಿರುಸಾಯಿತು. ದಕ್ಷಿಣದ ಚಿತ್ರೋದ್ಯಮಿಗಳು ಸಂಘ ಕಟ್ಟಿಕೊಂಡು ನಾನ್‌ಜಿಂಗ್‌ವರೆಗೂ ಹೋಗಿ ವಾದ ಮಂಡಿಸಿದರು. ಮ್ಯಾಂಡರಿನ್ ತಿಳಿಯದ ಲಕ್ಷಾಂತರ ಜನಕ್ಕೆ, ಅದರಲ್ಲೂ ಹಣ ಕಳುಹಿಸುವ ಸಾಗರೋತ್ತರ ಚೀನೀಯರಿಗೆ, ದೇಶದ ಸಂಕಟವನ್ನು ಮುಟ್ಟಿಸಬೇಕಾದರೆ ಕ್ಯಾಂಟನೀಸ್‌ನಲ್ಲೇ ಮುಟ್ಟಿಸಬೇಕು ಎಂಬುದು ಅವರ ವಾದದ ತಿರುಳು. ಕೊನೆಗೆ ಮೂರು ವರ್ಷಗಳ ಗಡುವು ಸಿಕ್ಕಿತು. ಅಷ್ಟರಲ್ಲಿ 1937ರ ಜುಲೈ 7ರಂದು ಬೀಜಿಂಗ್ ಹೊರವಲಯದ ಸೇತುವೆಯ ಬಳಿ ಗುಂಡು ಹಾರಿ ಪೂರ್ಣಪ್ರಮಾಣದ ಯುದ್ಧ ಶುರುವಾಯಿತು, ನಿಷೇಧದ ಕಡತ ಮೂಲೆ ಸೇರಿತು. ಹೀಗಾಗಿ 1936-37ರ ಕ್ಯಾಂಟನೀಸ್ ದೇಶಭಕ್ತಿ ಚಿತ್ರವೊಂದನ್ನು ನೋಡುವಾಗ, ಆ ಚಿತ್ರ ಶತ್ರುವಿನ ವಿರುದ್ಧ ಮಾತಾಡುತ್ತಲೇ ತನ್ನ ಮಾತಿನ ಹಕ್ಕಿಗೂ ಅರ್ಜಿ ಹಾಕುತ್ತಿತ್ತು ಎಂಬುದು ನಮ್ಮ ಗಮನದಲ್ಲಿರಬೇಕು. ಇದು ಕನ್ನಡದ ಪ್ರೇಕ್ಷಕರಿಗೆ ಬಿಡಿಸಿ ಹೇಳಬೇಕಾದ ಸಂಗತಿಯೇನಲ್ಲ.

ಇನ್ನೊಂದು ಕಡೆಯಿಂದ ಬ್ರಿಟಿಷ್ ವಸಾಹತಿನ ಸೆನ್ಸಾರು. ಬ್ರಿಟನ್ ಮತ್ತು ಜಪಾನ್ ನಡುವೆ 1941ರ ಡಿಸೆಂಬರ್‌ವರೆಗೂ ಯುದ್ಧವಿರಲಿಲ್ಲ. ಆದ್ದರಿಂದ ಹಾಂಗ್‌ಕಾಂಗ್‌ನ ಚಿತ್ರಗಳಲ್ಲಿ ಜಪಾನ್ ಎಂದು ಬಾಯಿಬಿಟ್ಟು ಹೇಳುವುದು ಕಷ್ಟವಾಗಿತ್ತು, 'ಶತ್ರು' ಎಂದಷ್ಟೇ ಹೇಳಿ ಉಳಿದದ್ದನ್ನು ಪ್ರೇಕ್ಷಕರ ಊಹೆಗೆ ಬಿಡಬೇಕಾಗಿತ್ತು. ಸೀತು ಹುಯಿಮಿನ್ ನಿರ್ದೇಶಿಸಿದ 'ಮಾರ್ಚ್ ಆಫ್ ದ ಗೆರಿಲ್ಲಾಸ್' 1938ರಲ್ಲಿ ಸಿದ್ಧವಾದರೂ ತಡೆಹಿಡಿಯಲ್ಪಟ್ಟು, ಕತ್ತರಿ ಬಿದ್ದು, ಬೇರೆ ಹೆಸರು ಹೊತ್ತು ತೆರೆ ಕಂಡದ್ದು 1941ರಲ್ಲಿ. ಅತ್ತ ನಾನ್‌ಜಿಂಗ್, ಇತ್ತ ವಸಾಹತು, ಎರಡರ ಒತ್ತಡವನ್ನೂ ತಡೆದುಕೊಂಡು ಬಂದ ಚಿತ್ರಗಳನ್ನು ಸರ್ಕಾರಿ ತುತ್ತೂರಿಯ ಹಾಗೆ ಓದುವುದು ನನಗೆ ಸರಿ ಕಾಣುವುದಿಲ್ಲ.

ಈಗ ನಾಯಕಿಯ ವಿಚಾರ. ನಿಮ್ಮ ಮುಂದೆ ಮುಖ್ಯವಾಗಿ ಇಡಬೇಕೆಂದಿರುವ ಹೆಸರು ಎಸ್ತರ್ ಎಂಗ್. 1914ರಲ್ಲಿ ಸ್ಯಾನ್ ಫ್ರಾನ್ಸಿಸ್ಕೋದಲ್ಲಿ ಹುಟ್ಟಿದ ಈಕೆ ಚೈನಾಟೌನ್‌ನ ಮ್ಯಾಂಡರಿನ್ ಥಿಯೇಟರ್‌ನ ಟಿಕೆಟ್ ಕಿಟಕಿಯಲ್ಲಿ ಕೆಲಸ ಮಾಡುತ್ತಾ ಕ್ಯಾಂಟನೀಸ್ ಒಪೆರಾವನ್ನು ನೋಡಿ ಬೆಳೆದವರು; ಯಾವ ಚಿತ್ರಶಾಲೆಯಲ್ಲೂ ಕಲಿತವರಲ್ಲ. ಇಪ್ಪತ್ತೊಂದು ಇಪ್ಪತ್ತೆರಡರ ವಯಸ್ಸಿನಲ್ಲಿ, ತಂದೆಯ ನೆರವಿನಿಂದ, ಹಾಲಿವುಡ್‌ನಲ್ಲಿ ಸ್ಟುಡಿಯೋ ಬಾಡಿಗೆಗೆ ಹಿಡಿದು, ಪಾಲ್ ಇವಾನೋ ಅವರಂಥ ಪಳಗಿದ ಕ್ಯಾಮೆರಾಮನ್‌ನನ್ನು ಇಟ್ಟುಕೊಂಡು 'ಹಾರ್ಟೇಕ್ಸ್' ಎಂಬ ಕ್ಯಾಂಟನೀಸ್ ಚಿತ್ರವನ್ನು ನಿರ್ಮಿಸಿದರು. ನಾಯಕಿ ವೈ ಕಿಮ್-ಫಾಂಗ್, ಒಪೆರಾ ರಂಗದ ಖ್ಯಾತ ನಟಿ. ಕಥೆ ಸರಳವಾದದ್ದು: ಒಪೆರಾ ನಟಿಯೊಬ್ಬಳು ವಿಮಾನ ಹಾರಿಸಲು ಕಲಿತ ಯುವಕನನ್ನು ಪ್ರೀತಿಸುತ್ತಾಳೆ, ಅವನು ಚೀನಾಕ್ಕೆ ಹೋಗಿ ಹೋರಾಡಲೆಂದು ತನ್ನ ಪ್ರೀತಿಯನ್ನು ಬಿಟ್ಟುಕೊಡುತ್ತಾಳೆ. 1936ರಲ್ಲಿ ಆ ಚಿತ್ರವನ್ನು ಹಿಡಿದು ಎಸ್ತರ್ ಮತ್ತು ವೈ ಕಿಮ್-ಫಾಂಗ್ ಹಾಂಗ್‌ಕಾಂಗ್‌ಗೆ ಹಡಗು ಹತ್ತಿದರು.

ಅಲ್ಲಿ ಎಸ್ತರ್ ಮೊದಲು ನಿರ್ದೇಶಿಸಿದ ಚಿತ್ರ, ಇಂಗ್ಲಿಷಿನಲ್ಲಿ 'ನ್ಯಾಷನಲ್ ಹೀರೋಯಿನ್' ಎಂದು ಕರೆಯಲ್ಪಡುವುದು, 1937ರಲ್ಲಿ ಬಂತು. ನಾಯಕಿ ಮತ್ತೆ ವೈ ಕಿಮ್-ಫಾಂಗ್. ಈ ಸಲ ಅವಳು ಯಾರನ್ನೂ ಯುದ್ಧಕ್ಕೆ ಬೀಳ್ಕೊಡುವುದಿಲ್ಲ; ಅವಳೇ ವಿಮಾನ ಹಾರಿಸುತ್ತಾಳೆ, ಅವಳೇ ದೇಶಕ್ಕಾಗಿ ಹೋರಾಡುತ್ತಾಳೆ. ಒಂದೇ ನಟಿ, ಅವಳ ಹಿಂದೆ ಒಬ್ಬಳೇ ಹೆಂಗಸು, ಒಂದು ವರ್ಷದ ಅಂತರ: ಮೊದಲ ಚಿತ್ರದಲ್ಲಿ ತ್ಯಾಗ ಮಾಡಿ ನೆಲದ ಮೇಲೆ ನಿಂತವಳು ಎರಡನೆಯದರಲ್ಲಿ ಕಾಕ್‌ಪಿಟ್ಟಿನೊಳಗೆ ಕುಳಿತಿದ್ದಾಳೆ. ಯುದ್ಧಕಾಲದ ಚಿತ್ರಗಳಲ್ಲಿ ಹೆಣ್ಣಿನ ಪಾತ್ರ ಬದಲಾದ ಬಗೆಯನ್ನು ತೋರಿಸಲು ನನಗೆ ಇದಕ್ಕಿಂತ ಒಳ್ಳೆಯ ಉದಾಹರಣೆ ಗೊತ್ತಿಲ್ಲ. ಗ್ವಾಂಗ್‌ಡಾಂಗ್‌ನ ಮಹಿಳಾ ಹಕ್ಕುಗಳ ಒಕ್ಕೂಟ ಈ ಚಿತ್ರಕ್ಕೆ ಪ್ರಶಂಸಾಪತ್ರ ಕೊಟ್ಟಿತು. ಆಮೇಲೆ 1939ರಲ್ಲಿ ಎಸ್ತರ್ ಮೂವತ್ತಾರು ಹೆಂಗಸರನ್ನೇ ಪಾತ್ರಧಾರಿಗಳನ್ನಾಗಿಸಿ, ಗಂಡಸರೇ ಇಲ್ಲದ ಚಿತ್ರವೊಂದನ್ನೂ ತೆಗೆದರು. ಕೂದಲು ಕತ್ತರಿಸಿಕೊಂಡು, ಕೋಟು ಪ್ಯಾಂಟು ತೊಟ್ಟು, ಹೆಂಗಸರೊಡನೆ ಬಾಳುವುದನ್ನು ಮುಚ್ಚಿಡದೆ ಆಕೆ ಬದುಕಿದ್ದು ಆ ಕಾಲದಲ್ಲಿ ಎಂಬುದನ್ನೂ ಇಲ್ಲೇ ಹೇಳಿಬಿಡುತ್ತೇನೆ, ಯಾಕೆಂದರೆ ಪರಿಚಯ ಟಿಪ್ಪಣಿಗಳು ಅದೊಂದನ್ನೇ ಹೇಳಿ ಚಿತ್ರಗಳನ್ನು ಮರೆಯುವುದುಂಟು.

ವಿಮಾನವೇ ಏಕೆ? 'ವೈಮಾನಿಕ ಬಲದಿಂದ ದೇಶರಕ್ಷಣೆ' ಎಂಬುದು ಆ ಕಾಲದ ಚೀನಾದ ಘೋಷಣೆಯಾಗಿತ್ತು. 1932ರ ಆರಂಭದಲ್ಲಿ ಶಾಂಘೈ ಮೇಲೆ ಜಪಾನಿ ಬಾಂಬುಗಳು ಬಿದ್ದ ಮೇಲೆ ಅಮೆರಿಕದ ಚೀನೀಯರು ಚಂದಾ ಎತ್ತಿ ತಮ್ಮ ಹುಡುಗರನ್ನು ಹಾರಾಟ ಕಲಿಯಲು ಸೇರಿಸುತ್ತಿದ್ದರು. ಕಲಿತವರಲ್ಲಿ ಹುಡುಗಿಯರೂ ಇದ್ದರು. ಪೋರ್ಟ್‌ಲ್ಯಾಂಡ್‌ನ ಹೇಜೆಲ್ ಯಿಂಗ್ ಲೀ 1932ರಲ್ಲಿ ಪರವಾನಗಿ ಪಡೆದು, ಮರುವರ್ಷ ಚೀನಾಕ್ಕೆ ಹೋಗಿ ವಾಯುಪಡೆಗೆ ಸೇರಲು ಕೇಳಿಕೊಂಡರು. ಹೆಂಗಸೆಂಬ ಕಾರಣಕ್ಕೆ ಅವರನ್ನು ತೆಗೆದುಕೊಳ್ಳಲಿಲ್ಲ. ಆಕೆ ಕ್ಯಾಂಟನ್‌ನಲ್ಲಿ ಖಾಸಗಿ ವಿಮಾನ ಹಾರಿಸುವುದಕ್ಕೆ ತೃಪ್ತಿಪಡಬೇಕಾಯಿತು. ಮುಂದೆ ಅಮೆರಿಕಕ್ಕೆ ಮರಳಿ, ಅಲ್ಲಿನ ಸೇನೆಗಾಗಿ ವಿಮಾನ ಸಾಗಿಸುವ ಮಹಿಳಾ ಪೈಲಟ್‌ಗಳ ದಳ ಸೇರಿ, 1944ರ ನವೆಂಬರ್‌ನಲ್ಲಿ ಮೊಂಟಾನಾದ ಗ್ರೇಟ್ ಫಾಲ್ಸ್‌ನಲ್ಲಿ ಇಳಿಯುವಾಗ ಇನ್ನೊಂದು ವಿಮಾನ ಡಿಕ್ಕಿಯಾಗಿ ತೀರಿಕೊಂಡರು.

ಲೀ ಶಿಯಾಚಿಂಗ್ ಅವರ ಕಥೆ ಸಿನಿಮಾಕ್ಕೆ ಇನ್ನೂ ಹತ್ತಿರದ್ದು. ಕ್ಯಾಂಟನ್‌ನಲ್ಲಿ 1912ರಲ್ಲಿ ಹುಟ್ಟಿದ ಈಕೆ ಲೀ ದಾಂದಾನ್ ಎಂಬ ಹೆಸರಿನಲ್ಲಿ ಮೂಕಿ ಚಿತ್ರಗಳ ತಾರೆಯಾಗಿದ್ದವರು. ಹಾಂಗ್‌ಕಾಂಗ್ ಚಿತ್ರರಂಗದ ಪಿತಾಮಹ ಎನಿಸಿದ ಲಾಯ್ ಮನ್-ವೈ ಅವರ ಕಂಪನಿ 1928ರಲ್ಲಿ ಹೊರತಂದ ಚಿತ್ರದಲ್ಲಿ, ಗಂಡುವೇಷ ತೊಟ್ಟು ತಂದೆಯ ಬದಲು ಯುದ್ಧಕ್ಕೆ ಹೋಗುವ ಮೂಲಾನ್ ಆಗಿ ನಟಿಸಿದ್ದರು. ನಂತರ ನಟನೆ ಬಿಟ್ಟು ಜಿನೀವಾದಲ್ಲಿ ಹಾರಾಟ ಕಲಿತು, 1935ರಲ್ಲಿ ಓಕ್‌ಲ್ಯಾಂಡ್‌ನ ಬೋಯಿಂಗ್ ಶಾಲೆಗೆ ಸೇರಿದರು. ಆ ವರ್ಷ ಮೇ ತಿಂಗಳಲ್ಲಿ ಸ್ಯಾನ್ ಫ್ರಾನ್ಸಿಸ್ಕೋ ಕೊಲ್ಲಿಯ ಮೇಲೆ ತಲೆಕೆಳಗಾಗಿ ಹಾರುವ ಕಸರತ್ತು ನಡೆಸುತ್ತಿದ್ದಾಗ ಆಸನದ ಪಟ್ಟಿ ಕೈಕೊಟ್ಟು ಆಕೆ ತೆರೆದ ವಿಮಾನದಿಂದ ಕೆಳಗೆ ಬಿದ್ದರು. ಪ್ಯಾರಾಚೂಟ್ ಬಿಚ್ಚಿಕೊಂಡು ನೀರಿಗಿಳಿದು, ರಕ್ಷಣೆಯವರು ಬರುವ ತನಕ ಕೊಲ್ಲಿಯ ತಣ್ಣೀರಿನಲ್ಲಿ ತೇಲುತ್ತಿದ್ದರು. ಅದೇ ಹೊತ್ತಿನಲ್ಲಿ ಕೊಲ್ಲಿಯ ಆಚೆ ದಡದ ಊರಿನ ಎಸ್ತರ್ ಎಂಗ್ ಪೈಲಟ್‌ನೊಬ್ಬನ ಪ್ರೇಮಕಥೆಯನ್ನು ತೆರೆಗೆ ತರುವ ತಯಾರಿಯಲ್ಲಿದ್ದರು. ಒಂದು ಇನ್ನೊಂದಕ್ಕೆ ಸ್ಫೂರ್ತಿಯಾಯಿತು ಎಂದು ನಾನು ಹೇಳುತ್ತಿಲ್ಲ. ಆ ಕಾಲದ ಆ ಊರಿನಲ್ಲಿ ವಿಮಾನ ಹಾರಿಸುವ ಚೀನೀ ಹೆಣ್ಣು ಕಟ್ಟುಕಥೆಯಾಗಿರಲಿಲ್ಲ ಎಂದಷ್ಟೇ ಹೇಳುತ್ತಿದ್ದೇನೆ.

1937ರಲ್ಲಿ ಯುದ್ಧ ಹೊತ್ತಿಕೊಂಡಾಗ ಲೀ ಶಿಯಾಚಿಂಗ್ ಸೇವೆಗೆ ಸಿದ್ಧಳಿದ್ದೇನೆ ಎಂದರೂ ಸರ್ಕಾರ ಅವರ ಕೈಗೆ ವಿಮಾನ ಕೊಡಲಿಲ್ಲ. ಕೊನೆಗೆ ಅವರು 1939ರಲ್ಲಿ ಅಮೆರಿಕದ ನಗರದಿಂದ ನಗರಕ್ಕೆ ಹಾರುತ್ತಾ ಚೀನಾದ ನಿರಾಶ್ರಿತರಿಗಾಗಿ ಹಣ ಕೂಡಿಸಿದರು. ಅವರ ವಿಮಾನದ ಹೆಸರು 'ಸ್ಪಿರಿಟ್ ಆಫ್ ನ್ಯೂ ಚೈನಾ'. ಚಂದಾ ಎತ್ತಲು ಹೆಣ್ಣು ಹಾರಬಹುದಿತ್ತು, ಯುದ್ಧಕ್ಕೆ ಹಾರುವಂತಿರಲಿಲ್ಲ. 'ನ್ಯಾಷನಲ್ ಹೀರೋಯಿನ್' ಚಿತ್ರದ ನಾಯಕಿ ದಾಟಿದ ಗೆರೆ ಇದೇ. ಸರ್ಕಾರ ಕೊಡದಿದ್ದ ಅನುಮತಿಯನ್ನು ಒಬ್ಬ ಯುವತಿ ತನ್ನ ಚಿತ್ರದಲ್ಲಿ ತಾನೇ ಕೊಟ್ಟುಕೊಂಡಳು. ಇದನ್ನು 'ಪ್ರಚಾರ' ಎಂದು ಕರೆಯುವುದಾದರೆ, ಯಾರನ್ನು ಒಪ್ಪಿಸುವ ಪ್ರಚಾರ ಎಂಬ ಪ್ರಶ್ನೆಗೂ ಟಿಪ್ಪಣಿಯಲ್ಲಿ ಜಾಗ ಬೇಕು.

ಈ ಚಿತ್ರಗಳ ಪ್ರೇಕ್ಷಕರಲ್ಲಿ ಹೆಂಗಸರೂ ಯುದ್ಧದ ಕೆಲಸದಲ್ಲಿ ತೊಡಗಿದ್ದರು. 1938ರ ಜೂನ್‌ನಲ್ಲಿ ಸ್ಯಾನ್ ಫ್ರಾನ್ಸಿಸ್ಕೋದ ಚೈನಾಟೌನ್‌ನಲ್ಲಿ ಮೊದಲ 'ರೈಸ್ ಬೌಲ್ ಪಾರ್ಟಿ' ನಡೆಯಿತು. ಬೀದಿಯ ಅಗಲದ ಚೀನೀ ಧ್ವಜವೊಂದನ್ನು, ಚೋಂಗ್‌ಸಾಮ್ ಎಂಬ ಚೀನೀ ಉಡುಪು ತೊಟ್ಟ ಹೆಂಗಸರ ಸಾಲು ನಾಲ್ಕೂ ಅಂಚಿನಲ್ಲಿ ಹಿಡಿದು ನಡೆಯುವುದು, ಇಕ್ಕೆಲದ ಜನ ಮತ್ತು ಬಾಲ್ಕನಿಗಳಲ್ಲಿ ನಿಂತವರು ಅದರೊಳಗೆ ನಾಣ್ಯ, ನೋಟು ಎಸೆಯುವುದು. ಧ್ವಜದ ಮಧ್ಯ ದುಡ್ಡಿನ ಭಾರಕ್ಕೆ ಜಗ್ಗಿದಂತೆಲ್ಲ ಹಿಡಿದವರು ಅಂಚನ್ನು ಇನ್ನಷ್ಟು ಬಿಗಿಯಾಗಿ ಎಳೆದು ಹಿಡಿಯಬೇಕು. ಹಾಂಗ್‌ಕಾಂಗ್‌ನಲ್ಲಿ ಅದೇ ವರ್ಷ ಚಿತ್ರೋದ್ಯಮದ ಮಂದಿಯೆಲ್ಲ ಸೇರಿ, ಸಂಭಾವನೆ ಪಡೆಯದೆ, ಯುದ್ಧನಿಧಿಗಾಗಿ 'ಅಂತಿಮ ಗಳಿಗೆ' ಎಂಬರ್ಥದ ಹೆಸರಿನ ಚಿತ್ರವೊಂದನ್ನು ಒಟ್ಟಾಗಿ ತಯಾರಿಸಿದರು.

ಇವೆಲ್ಲ ಮಹಾನ್ ಕಲಾಕೃತಿಗಳು ಎಂದು ನಿಮ್ಮನ್ನು ನಂಬಿಸಲು ನಾನು ಹೊರಟಿಲ್ಲ. ಹಾಂಗ್‌ಕಾಂಗ್‌ನ ಸ್ಟುಡಿಯೋಗಳಲ್ಲಿ ಚಿತ್ರಗಳು ಅವಸರದಲ್ಲಿ, ಕಡಿಮೆ ಹಣದಲ್ಲಿ ತಯಾರಾಗುತ್ತಿದ್ದವು. ಜನ ಬರುವುದು ಒಪೆರಾ ತಾರೆಯ ಹಾಡು ಕೇಳಲು, ಹಾಗಾಗಿ ನಾಯಕಿ ಎಂಥ ಸಂಕಟದಲ್ಲೂ ಹಾಡಬೇಕಾಗಿತ್ತು. ದೇಶಭಕ್ತಿ ಟಿಕೆಟ್ ಮಾರುತ್ತದೆ ಎಂದು ಕಂಡುಕೊಂಡ ಮೇಲೆ ಪ್ರೇಮಕಥೆಯ ಕೊನೆಗೆ ಒಂದು ಬಾವುಟ ಸೇರಿಸಿದವರೂ ಇದ್ದಿರಲಿಕ್ಕೆ ಸಾಕು. ನಾಯಕಿಯರೆಲ್ಲ ಒಂದೇ ಬಗೆಯವರೂ ಅಲ್ಲ. ಹಾಂಗ್‌ಕಾಂಗ್‌ನಲ್ಲೇ ತಯಾರಾದ, ಆದರೆ ಮ್ಯಾಂಡರಿನ್ ಭಾಷೆಯ, 1939ರ 'ಆರ್ಫನ್ ಐಲ್ಯಾಂಡ್ ಪ್ಯಾರಡೈಸ್' ಚಿತ್ರದಲ್ಲಿ ಲೀ ಲೀಲಿ ಡಾನ್ಸ್ ಹಾಲಿನಲ್ಲಿ ಕುಣಿಯುವ ಹುಡುಗಿಯಾಗಿ ದೇಶದ್ರೋಹಿಗಳನ್ನು ಬಲೆಗೆ ಬೀಳಿಸಲು ನೆರವಾಗುತ್ತಾಳೆ. ಅವಳ ಆಯುಧ ಅವಳ ಚೆಲುವು. ಅದೇ ವರ್ಷ ಶಾಂಘೈನಲ್ಲಿ, ಕ್ಯಾಂಟನೀಸ್ ಚಿತ್ರಗಳಿಂದಲೇ ಬೆಳಕಿಗೆ ಬಂದಿದ್ದ ಹಾಂಗ್‌ಕಾಂಗ್‌ನ ನ್ಯಾನ್ಸಿ ಚಾನ್ ಅವರನ್ನು ಕರೆಸಿ ಮತ್ತೊಂದು ಮೂಲಾನ್ ಚಿತ್ರ ಮಾಡಿದರು. ಅದು ಶಾಂಘೈನಲ್ಲಿ 85 ದಿನ ಓಡಿತು, ಜಪಾನೀಯರೊಡನೆ ಶಾಮೀಲಾಗಿ ತೆಗೆದ ಚಿತ್ರ ಎಂಬ ಆರೋಪದ ಮೇಲೆ 1940ರಲ್ಲಿ ಚೀನಾದ ಯುದ್ಧಕಾಲದ ರಾಜಧಾನಿ ಚೋಂಗ್‌ಚಿಂಗ್‌ನಲ್ಲಿ ಜನ ಅದರ ಪ್ರತಿಗೆ ಬೆಂಕಿ ಇಟ್ಟರು. ಗಂಡುವೇಷದ ಮೂಲಾನ್, ಸೌಂದರ್ಯವನ್ನು ಬಲೆಯಾಗಿ ಬೀಸುವ ಗೂಢಚಾರಿಣಿ, ಇವರಿಬ್ಬರ ಪಕ್ಕದಲ್ಲಿ ಇಟ್ಟು ನೋಡಿದಾಗ ಹೆಣ್ಣಾಗಿಯೇ, ಒಂದು ಕಸುಬು ಬಲ್ಲವಳಾಗಿ ಯುದ್ಧಕ್ಕೆ ಹೋಗುವ ಪೈಲಟ್ ಎಷ್ಟು ಹೊಸಬಳು ಎಂಬುದು ತಿಳಿಯುತ್ತದೆ. ಈ ಹೋಲಿಕೆ ಸಾಧ್ಯವಾಗಬೇಕಾದರೆ ಯಾವ ಚಿತ್ರ ಮ್ಯಾಂಡರಿನ್‌ನದು, ಯಾವುದು ಕ್ಯಾಂಟನೀಸ್‌ನದು ಎಂಬುದನ್ನು ಟಿಪ್ಪಣಿಯಲ್ಲಿ ಸ್ಪಷ್ಟವಾಗಿ ಬರೆಯಬೇಕು. ಎರಡನ್ನೂ 'ಚೀನೀ ಭಾಷೆ' ಎಂದು ಕಾಣಿಸುವ ರೂಢಿಯನ್ನು ದಯವಿಟ್ಟು ಬಿಡಿ.

ಕಷ್ಟ ಇರುವುದು ಮುಂದೆ. 'ನ್ಯಾಷನಲ್ ಹೀರೋಯಿನ್' ಈಗ ಇಲ್ಲ. 1941ರ ಕ್ರಿಸ್‌ಮಸ್ ದಿನ ಹಾಂಗ್‌ಕಾಂಗ್ ಜಪಾನೀಯರಿಗೆ ಶರಣಾಯಿತು. ಮುಂದಿನ ಮೂರು ವರ್ಷ ಎಂಟು ತಿಂಗಳು ಸ್ಥಳೀಯ ಚಿತ್ರೋದ್ಯಮ ಸ್ತಬ್ಧವಾಯಿತು, ನಟನಟಿಯರು ಮಕಾವು ಮತ್ತು ಒಳನಾಡಿನತ್ತ ಚದುರಿದರು, ಬೇಗ ಹೊತ್ತಿಕೊಳ್ಳುವ ನೈಟ್ರೇಟ್ ರೀಲುಗಳು ಸುಟ್ಟೋ ಕೊಳೆತೋ ಹೋದವು. ಉಳಿದ ಕೆಲವು ಉಳಿದದ್ದು ಹೊರದೇಶಕ್ಕೆ ಹೋಗಿದ್ದರಿಂದ. 2001ರಲ್ಲಿ ಸಾಯ್ ವಾನ್ ಹೋದಲ್ಲಿ ತನ್ನ ಕಟ್ಟಡ ತೆರೆದ ಹಾಂಗ್‌ಕಾಂಗ್ ಫಿಲ್ಮ್ ಆರ್ಕೈವ್‌ಗೆ 2012ರಲ್ಲಿ ಸ್ಯಾನ್ ಫ್ರಾನ್ಸಿಸ್ಕೋದ ಹಳೆಯ ಚೀನೀ ಚಿತ್ರಮಂದಿರದ ಮಾಲೀಕರೊಬ್ಬರ ಸಂಗ್ರಹದಿಂದ 1930-40ರ ದಶಕಗಳ ಚಿತ್ರಗಳು ಬಂದವು. ಎಸ್ತರ್ ಎಂಗ್ ಅವರ ನೂರಾರು ಫೋಟೋಗಳು ಸ್ಯಾನ್ ಫ್ರಾನ್ಸಿಸ್ಕೋ ವಿಮಾನ ನಿಲ್ದಾಣದ ಬಳಿ ಕಸದ ತೊಟ್ಟಿಯಲ್ಲಿ ಸಿಕ್ಕಿದ್ದವು. ಅವನ್ನೇ ಆಧರಿಸಿ ಲೂಯಿಸಾ ವೈ 2013ರಲ್ಲಿ 'ಗೋಲ್ಡನ್ ಗೇಟ್ ಗರ್ಲ್ಸ್' ಎಂಬ ಸಾಕ್ಷ್ಯಚಿತ್ರ ಮಾಡಿದರು. ಚಿತ್ರವೇ ಇಲ್ಲದಿದ್ದರೂ ಆ ಕಾಲದ ಚಿತ್ರಮಂದಿರಗಳು ಹಂಚುತ್ತಿದ್ದ ಕೈಪತ್ರಗಳು ಸಿಗುತ್ತವೆ: ಅಗ್ಗದ ತೆಳುಕಾಗದದ ಮೇಲೆ ನಾಯಕಿಯ ಚಿತ್ರ, ಕಥೆಯ ಸಾರಾಂಶ, ಹಾಡುಗಳ ಸಾಹಿತ್ಯ, ಸುತ್ತ ಅಂಗಡಿಗಳ ಜಾಹೀರಾತು.

ಪ್ರತಿ ಇಲ್ಲದ ಚಿತ್ರವನ್ನು ತೋರಿಸುವುದು ಹೇಗೆ ಎಂದು ನೀವು ಕೇಳಬಹುದು. ನಮ್ಮ ಮೊದಲ ಟಾಕಿ, 1934ರ 'ಸತಿ ಸುಲೋಚನ'ದ ಪ್ರತಿ ನಮಗೆ ಸಿಗದಿದ್ದರೂ ಕನ್ನಡ ಸಿನಿಮಾದ ಇತಿಹಾಸವನ್ನು ಯಾರೂ ಅದನ್ನು ಬಿಟ್ಟು ಬರೆಯುವುದಿಲ್ಲ. ಅಷ್ಟೇ ಗೌರವವನ್ನು ಇಲ್ಲಿಯೂ ತೋರಿದರೆ ಸಾಕು. ಹಾಂಗ್‌ಕಾಂಗ್ ಕುರಿತ ಯಾವುದೇ ಸರಣಿ ಯೋಜಿಸುವಾಗ ಮೊದಲ ದಿನದ ಒಂದು ಅವಧಿಯನ್ನು 1930ರ ದಶಕಕ್ಕೆ ಮೀಸಲಿಡಿ. ಲೂಯಿಸಾ ವೈ ಅವರ ಸಾಕ್ಷ್ಯಚಿತ್ರವನ್ನು ತರಿಸಿ. ಅದರ ಮುಂಚೆ ಹತ್ತು ನಿಮಿಷ ಪೋಸ್ಟರ್, ಫೋಟೋ ಮತ್ತು ಕೈಪತ್ರಗಳನ್ನು ಪರದೆಯ ಮೇಲೆ ತೋರಿಸುತ್ತಾ, ಹಾಡಿನ ಒಂದೆರಡು ಸಾಲನ್ನು ಕ್ಯಾಂಟನೀಸ್ ಬಲ್ಲವರಿಂದ ಓದಿಸಿ, ಕನ್ನಡದಲ್ಲಿ ಅರ್ಥ ಹೇಳಿ. ಆರ್ಕೈವ್‌ಗೆ ಪತ್ರ ಬರೆದು, ಉಳಿದಿರುವ ಯುದ್ಧಕಾಲದ ಕ್ಯಾಂಟನೀಸ್ ಚಿತ್ರಗಳಲ್ಲಿ ಯಾವುದನ್ನು ಪ್ರದರ್ಶನಕ್ಕೆ ಎರವಲು ಕೊಡುತ್ತಾರೆ, ಯಾವುದಕ್ಕೆ ಇಂಗ್ಲಿಷ್ ಸಬ್‌ಟೈಟಲ್ ಇದೆ ಎಂದು ವಿಚಾರಿಸಿ. ಇಂಥ ಏರ್ಪಾಡಿಗೆ ತಿಂಗಳುಗಟ್ಟಲೆ ಹಿಡಿಯುತ್ತದೆ, ಹಾಗಾಗಿ ಉತ್ಸವದ ಆಹ್ವಾನ ಪತ್ರಿಕೆ ಅಚ್ಚಾಗುವ ಹೊತ್ತಿಗೆ ಶುರುಮಾಡಿದರೆ ಪ್ರಯೋಜನವಿಲ್ಲ.

ಇನ್ನೊಂದು ಸಣ್ಣ ಕೋರಿಕೆ. ಎಸ್ತರ್ ಎಂಗ್ 1941ರಲ್ಲಿ ಅಮೆರಿಕದಲ್ಲಿ ನಿರ್ದೇಶಿಸಿದ 'ಗೋಲ್ಡನ್ ಗೇಟ್ ಗರ್ಲ್' ಚಿತ್ರದಲ್ಲಿ ಕೆಲವೇ ತಿಂಗಳ ಹಸುಗೂಸು ಬ್ರೂಸ್ ಲೀ ಕಾಣಿಸಿಕೊಳ್ಳುತ್ತಾನೆ, ಅದೂ ಹೆಣ್ಣುಮಗುವಿನ ಪಾತ್ರದಲ್ಲಿ. ಆ ಚಿತ್ರ ಎಲ್ಲಿ ಪ್ರಸ್ತಾಪವಾದರೂ 'ಬ್ರೂಸ್ ಲೀಯ ಮೊದಲ ಚಿತ್ರ' ಎಂಬ ಬಿರುದೇ ಮುಂದೆ ಬರುತ್ತದೆ, ನಿರ್ದೇಶಕಿಯ ಹೆಸರು ಎಷ್ಟೋ ಸಲ ಬರುವುದೇ ಇಲ್ಲ. ತೊಟ್ಟಿಲ ಕೂಸಿನ ಹೆಸರಿನಲ್ಲಿ ಸಭಾಂಗಣ ತುಂಬುವುದಾದರೆ ನನ್ನದೇನೂ ತಕರಾರಿಲ್ಲ, ಆ ಸಾಲನ್ನು ಜಾಹೀರಾತಿನಲ್ಲಿ ಖಂಡಿತ ಹಾಕಿ. ಆದರೆ ಅದೇ ಅಕ್ಷರದ ಗಾತ್ರದಲ್ಲಿ ಅದರ ಮೇಲೆ ಎಸ್ತರ್ ಎಂಗ್ ಎಂದು ಮುದ್ರಿಸಿ; 'ನ್ಯಾಷನಲ್ ಹೀರೋಯಿನ್' ಬಗ್ಗೆ ಬರೆಯುವಾಗ ನಿರ್ದೇಶಕಿಯ ಜೊತೆಗೆ ವೈ ಕಿಮ್-ಫಾಂಗ್ ಹೆಸರನ್ನೂ, ಚಿತ್ರದ ಭಾಷೆ ಕ್ಯಾಂಟನೀಸ್ ಎಂಬುದನ್ನೂ, ಪ್ರತಿ ಲಭ್ಯವಿಲ್ಲ ಎಂಬುದನ್ನೂ ನಮೂದಿಸಿ.

ಇಂತು ತಮ್ಮ ವಿಶ್ವಾಸಿ,
ಚಿತ್ರ ಸಮಾಜವೊಂದರ ಹಳೆಯ ಸದಸ್ಯ